ಸಾಹಿಲನ ಹನ್ನೊಂದು ಮಂದಿ

ಮೊದಲೇ ಹೇಳಿಬಿಡುತ್ತೇನೆ, ನನಗೆ ಕ್ರಿಕೆಟ್ಟು ಕಂಡರೆ ಆಗುವುದಿಲ್ಲ. ಹಾದಿಗೆ ಅಡ್ಡ ಕಲ್ಲಿಟ್ಟು ಆಡುವ ಹುಡುಗರನ್ನು ಎಬ್ಬಿಸಿ ಎಬ್ಬಿಸಿ ನನ್ನ ಟಂಟಂ ಗಾಡಿಯ ಹಾರ್ನೇ ಕೆಟ್ಟುಹೋಗಿದೆ. ಅಂಥ ನಾನು, ಬೀರಲಿಂಗಪ್ಪ, ಇಳಕಲ್ಲಿನ ನಮ್ಮ ಓಣಿಯ ತಂಡದಲ್ಲಿ ಬ್ಯಾಟು ಹಿಡಿದು ಆಡುತ್ತಿದ್ದೆ ಅಂದರೆ ಹೊರಗಿನವರು ನಗುತ್ತಾರೆ. ಆಡಿದ್ದು ಬಯಲಿನಲ್ಲಲ್ಲ, ಪಕ್ಕದ ಮನೆಯ ಟೀವಿಯೊಳಗೆ. ಆಡಿಸುತ್ತಿದ್ದವನು ನಬಿಸಾಬನ ಮಗ ಸಾಹಿಲ.

ನಬಿಸಾಬ ನೇಕಾರ, ನನ್ನ ವಾರಿಗೆಯವನು. ನಮ್ಮೆರಡು ಮನೆಗಳ ನಡುವೆ ಒಂದೇ ಗೋಡೆ. ಅವನು ಕುಣಿಮಗ್ಗದಲ್ಲಿ ಕಾಲು ಇಳಿಬಿಟ್ಟು ಕೂತು ಲಾಳಿ ಒಗೆಯುವ ಸಪ್ಪಳಕ್ಕೇ ನಾನು ಏಳುವುದು. ಅವನು ನೇಯ್ದ ಸೀರೆಗಳ ಗಂಟನ್ನು ಹುನಗುಂದಕ್ಕೋ ಬಾಗಲಕೋಟೆಗೋ ಒಯ್ಯುವವನು ನಾನು. ಬರುವಾಗ ಅಮೀನಗಡದಲ್ಲಿ ಕರದಂಟಿನ ಡಬ್ಬಿಗಳನ್ನು ಹೇರಿಕೊಂಡು ಬರುತ್ತೇನೆ. ಮಾತಿನಲ್ಲಿ ನಾವಿಬ್ಬರೂ ಎಮ್ಮೆ ಕೋಣಗಳ ಹಾಗೆ ಕೋಡು ತಾಗಿಸುತ್ತೇವೆ. ಬೇರೆಯವರು ಅವನಿಗೆ ಒಂದು ಮಾತಂದರೆ ಮಾತ್ರ ನಾನು ಸಹಿಸುವುದಿಲ್ಲ.

ಸಾಹಿಲ ಸಣ್ಣವನಿದ್ದಾಗ ಓಡಿ ಓಡಿ ಬೀಳುತ್ತಿದ್ದ. ಹುಡುಗರು ಬೀಳುವುದು ಇದ್ದದ್ದೇ ಅಂದುಕೊಂಡೆವು. ಆಮೇಲೆ ಬಿದ್ದರೆ ಏಳಲು ತೊಡೆ ಹಿಡಿದುಕೊಂಡು ಮೇಲೆ ಬರತೊಡಗಿದ. ಸಾಲೆಯ ಮೆಟ್ಟಿಲು ಹತ್ತದಾದ. ಬಾಗಲಕೋಟೆಯ ದವಾಖಾನೆಗೆ ನನ್ನ ಗಾಡಿಯಲ್ಲೇ ಕರೆದೊಯ್ದೆವು. ಸ್ನಾಯು ಕರಗುವ ರೋಗ, ಮೊದಲು ಕಾಲು, ಆಮೇಲೆ ಕೈ, ಕಡೆಗೆ ಎದೆ, ಇದಕ್ಕೆ ಗುಣವಾಗುವ ಔಷಧವಿಲ್ಲ ಎಂದು ಡಾಕ್ಟರು ಹೇಳಿದರು. ಔಷಧವಿಲ್ಲ ಅಂತ ಹೇಳಲಿಕ್ಕೆ ಇಷ್ಟು ದೊಡ್ಡ ಕಟ್ಟಡ ಬೇಕಾಗಿತ್ತೇನ್ರೀ ಎಂದು ನಾನು ಹೊರಗೆ ನಿಂತು ಕೂಗಾಡಿದೆ. ನಬಿಸಾಬ ಕೂಗಾಡಲಿಲ್ಲ. ಮಗನನ್ನು ಎತ್ತಿಕೊಂಡು ಬಂದು ಗಾಡಿಯಲ್ಲಿ ಕೂತ.

ಬಸ್‌ಸ್ಟ್ಯಾಂಡಿನ ಹಿಂದೆ ಅಫ್ಸರ ಎಂಬವನ ಗೇಮಿನ ಅಂಗಡಿ ಇತ್ತು. ಎಲ್ಲರ ಕೈಗೂ ಫೋನು ಬಂದ ಮೇಲೆ ಆ ಅಂಗಡಿಗೆ ನೊಣವೂ ಹೋಗದಾಯಿತು. ಅಫ್ಸರ ಬಾಗಿಲು ಹಾಕಿದ ದಿನ ಟೀವಿಗೆ ಹಚ್ಚಿ ಆಡುವ ಒಂದು ಹಳೇ ಕರೀ ಡಬ್ಬಿಯನ್ನು, ಅದರ ರಿಮೋಟನ್ನು, ಒಂದಿಷ್ಟು ಸೀಡಿಗಳನ್ನು ತಂದು ಸಾಹಿಲನ ಕಾಟಿನ ಹತ್ತಿರ ಇಟ್ಟುಹೋದ. ಆಗಲೇ ಸಾಹಿಲನಿಗೆ ಕಾಲು ಪೂರಾ ಹೋಗಿತ್ತು. ಕೈ ಇನ್ನೂ ಚೆನ್ನಾಗಿತ್ತು.

ಸೀಡಿ ಹಾಕಿದರೆ ಆಟ ಶುರುವಾಗುತ್ತದೆ ಎಂದು ನಾನು ತಿಳಿದಿದ್ದೆ. ಎಲ್ಲಿಯದು! ಪ್ರತಿ ಆಟವೂ ಮೊದಲು ತನ್ನ ಅರ್ಧ ಸಂಸಾರವನ್ನು ಆ ಡಬ್ಬಿಯೊಳಗಿನ ಡಿಸ್ಕಿಗೆ ಇಳಿಸಬೇಕು. ಇನ್‌ಸ್ಟಾಲು ಅನ್ನುತ್ತಾರೆ. ಪರದೆಯ ಮೇಲೆ ಒಂದು ಗೆರೆ ಇಷ್ಟಿಷ್ಟೇ ತುಂಬುತ್ತದೆ. ನಾವು ಚಹಾ ಕುಡಿದು, ಎಲೆ ಅಡಿಕೆ ಹಾಕಿಕೊಂಡು, ಊರ ಸುದ್ದಿ ಮುಗಿಸಿದರೂ ಅದು ತುಂಬಿ ಮುಗಿಯುವುದಿಲ್ಲ. ಹಾಗೂ ಹೀಗೂ ಕಡೆಗೆ ಬಂತು ಅನ್ನುವಾಗ, ಜಾಗ ಇಲ್ಲ ಅಂದುಬಿಡುತ್ತದೆ. ಅದು ಹಳೇ ಕಾಲದ ಡಿಸ್ಕು, ಹೊಟ್ಟೆ ಸಣ್ಣದು. ಹೊಸದೊಂದು ಒಳಗೆ ಬರಬೇಕಾದರೆ ಹಳೆಯದೊಂದು ಅಳಿಯಬೇಕು. ಯಾವುದನ್ನು ಇಡುವುದು, ಯಾವುದನ್ನು ಅಳಿಸುವುದು ಎಂದು ಸಾಹಿಲ, ಅವನ ತಂಗಿ ಮುಬಶೀರಾ ಇಬ್ಬರೂ ಪಂಚಾಯ್ತಿ ಕೂಡುತ್ತಿದ್ದರು. ಫುಟ್‌ಬಾಲು ಹೋಯಿತು, ಬಂದೂಕಿನ ಆಟ ಹೋಯಿತು. ಒಂದು ದಿನ ಹೋಗಿ ನೋಡುತ್ತೇನೆ, ನನ್ನ ಲಾರಿ ಆಟವೂ ಹೋಗಿದೆ.

ಘಾಟಿನಲ್ಲಿ ಲಾರಿ ಓಡಿಸುವ ಆಟ ಅದು. ನನಗೆ ಜೀವ. ನಾನು ಸಿಟ್ಟಿಗೆದ್ದೆ.

"ಯಾರನ್ನ ಕೇಳಿ ತಗದ್ಯೋ? ನಂದೊಂದ ಆಟ ನಿಮ್ಮ ಕಣ್ಣಿಗೆ ಚುಚ್ಚತಿತ್ತೇನು?"

"ಕಾಕಾ, ನಿಮ್ಮ ಲಾರಿದು ಸೀಡಿ ಐತಿ. ಯಾವಾಗ ಬೇಕಂದ್ರ ಆವಾಗ ಮತ್ತ ಇಳಿಸಬಹುದು" ಅಂದ ಸಾಹಿಲ. "ನನ್ನ ಮಂದಿಗೆ ಸೀಡಿ ಇಲ್ರಿ. ನಾ ಮಾಡಿದ್ದು ಈ ಡಿಸ್ಕಿನಾಗ ಅಷ್ಟ ಐತಿ. ಇಲ್ಲಿಂದ ಹೋದ್ರ ಹೋದಂಗ."

ಅವನ ಮಂದಿ ಅಂದರೆ ನಾವು. ಆ ಕ್ರಿಕೆಟ್ಟಿನ ಆಟದಲ್ಲಿ ನಮಗೆ ಬೇಕಾದ ಆಟಗಾರರನ್ನು ನಾವೇ ಮಾಡಿಕೊಳ್ಳಬಹುದು. ಮೂಗು, ಹುಬ್ಬು, ಎತ್ತರ, ಹೊಟ್ಟೆ, ನಡಿಗೆ, ಹೆಸರು, ಎಲ್ಲವನ್ನೂ. ಸಾಹಿಲ ನಮ್ಮ ಓಣಿಯ ಹನ್ನೊಂದು ಮಂದಿಯನ್ನು ಮಾಡಿದ್ದ. ವರ್ಷಗಟ್ಟಲೆ ಕೂತು ಮಾಡಿದ್ದ. ಮೊದಲು ಬ್ಯಾಟು ಹಿಡಿದು ಬರುವವನು ನಬಿಸಾಬ, ಕುಣಿಯಲ್ಲಿ ಕೂತು ಕೂತು ಬಾಗಿದ ಬೆನ್ನಿನ ಸಮೇತ. ಗಿರಣಿಯ ಅಬ್ದುಲಸಾಬ ವಿಕೆಟಿನ ಹಿಂದೆ. ನಾನು ಎಡಚ, ಅಲ್ಲಿಯೂ ಎಡಗೈಯಲ್ಲೇ ಬೀಸುತ್ತಿದ್ದೆ. ನನ್ನ ಹೊಟ್ಟೆಯನ್ನು ಬೇಕೆಂತಲೇ ಒಂದು ಗೇಣು ಹೆಚ್ಚು ಮಾಡಿದ್ದ, ಹಲ್ಕಾ ನನ್ಮಗ. ಒಬ್ಬನ ಮುಖ ಸರಿ ಬರುವವರೆಗೆ ರಿಮೋಟಿನ ಗುಂಡಿಗಳನ್ನು ಒತ್ತಿ ಒತ್ತಿ, ಆ ಮನುಷ್ಯನನ್ನು ಮನೆಗೆ ಕರೆಸಿ ಎದುರಿಗೆ ಕೂರಿಸಿಕೊಂಡು ನೋಡುತ್ತಿದ್ದ. ಹನ್ನೊಂದನೆಯವನು ಅವನೇ. ಟೀವಿಯೊಳಗಿನ ಸಾಹಿಲ ದೂರದಿಂದ ಓಡಿ ಬಂದು ಬೌಲಿಂಗ್ ಮಾಡುತ್ತಿದ್ದ. ಅವನು ಓಡುವುದನ್ನು ನೋಡಲಿಕ್ಕೆ ಅವನ ತಾಯಿ ಜೋಹರಾ ಒಲೆಯ ಮೇಲಿನ ರೊಟ್ಟಿ ಬಿಟ್ಟು ಬಂದು ಬಾಗಿಲಲ್ಲಿ ನಿಲ್ಲುತ್ತಿದ್ದಳು.

ಎಲ್ಲ ಮಾಡಿ ಮುಗಿಯುವಷ್ಟರಲ್ಲಿ ರೋಗ ಕೈಗೆ ಏರಿತು. ಎಡಗೈ ಹೆಬ್ಬೆರಳು ಸೋತಿತು. ಆಟದ ಗುಂಡಿ ಒತ್ತುವುದಕ್ಕೆ ಬಲಗೈ ಒಂದು ಸಾಕಾಗುತ್ತಿತ್ತು, ಅದೂ ಸ್ವಲ್ಪ ಹೊತ್ತು. ಇನ್ನೊಮ್ಮೆ ಒಬ್ಬ ಮನುಷ್ಯನನ್ನು ಮಾಡು ಅಂದರೆ ಅವನಿಂದ ಆಗುವ ಮಾತಲ್ಲ. ಅದು ಮನೆಯವರಿಗೂ ಗೊತ್ತಿತ್ತು, ನಮಗೂ ಗೊತ್ತಿತ್ತು. ಪೆನ್‌ಡ್ರೈವಿಗೆ ಒಂದು ನಕಲು ಹಾಕಿಡು ಎಂದು ಮುಬಶೀರಾ ಹೇಳುತ್ತಲೇ ಇದ್ದಳು. ಹಾಕೋಣ ಹಾಕೋಣ ಎಂದು ಇವನು ಅನ್ನುತ್ತಲೇ ಇದ್ದ.

ಹೋದ ಬೇಸಿಗೆಯಲ್ಲಿ ಡಬ್ಬಿ ಸತ್ತಿತು. ಗುಂಡಿ ಒತ್ತಿದರೆ ಕುಂಯ್ ಎಂದು ಒಂದು ಸಲ ಕೂಗಿ, ಕೆಂಪು ದೀಪ ಮಿಣಕಿಸಿ ಸುಮ್ಮನಾಗುತ್ತಿತ್ತು. ನಾನೂ ನಬಿಸಾಬನೂ ಅದನ್ನು ಸೀರೆ ಗಂಟಿನೊಳಗೆ ಇಟ್ಟುಕೊಂಡು ಬಾಗಲಕೋಟೆಯ ರಿಪೇರಿಯವನ ಹತ್ತಿರ ಒಯ್ದೆವು. ಅವನು ಬಿಚ್ಚಿ ನೋಡಿ, ಒಳಗಿನ ಬೋರ್ಡು ಸುಟ್ಟಿದೆ, ಏನು ಮಾಡಿದರೂ ಬರುವುದಿಲ್ಲ ಅಂದ. ಡಿಸ್ಕನ್ನು ಹೊರಗೆ ತೆಗೆದು ಕೈಯಲ್ಲಿಟ್ಟು, "ಇದು ಆರಾಮ ಐತಿ ನೋಡ್ರಿ" ಎಂದ. ನಬಿಸಾಬನ ಮುಖ ಅರಳಿತು. ಅದೇ ತರಹದ ಇನ್ನೊಂದು ಹಳೇ ಡಬ್ಬಿ ಅಂಗಡಿಯ ಮೂಲೆಯಲ್ಲಿತ್ತು. ಅದನ್ನು ತಗೊಂಡು, ಡಿಸ್ಕನ್ನು ಕಿಸೆಯಲ್ಲಿಟ್ಟುಕೊಂಡು ಹೊರಟೆವು.

ದಾರಿಯುದ್ದಕ್ಕೂ ಅವನದು ಒಂದೇ ಮಾತು.

"ನಮ್ಮಲ್ಲೆ ಮಗ್ಗ ಮುರದ್ರ ಏನ್ ಮಾಡ್ತೇವಿ ಹೇಳು? ಹಾಸಿನ ಎಳಿ ಬಿಚ್ಚಿ, ಸುತ್ತಿಗೊಂಡು ಹೋಗಿ ಬ್ಯಾರೆ ಮಗ್ಗಕ್ಕ ಏರಸ್ತೇವಿ. ಅರ್ಧ ನೇಯ್ದ ಸೀರಿ ಇದ್ರೂ ಒಂದ ಎಳಿ ಕೆಡಾಂಗಿಲ್ಲ. ಮಗ್ಗ ಯಾರದಾದ್ರ ಏನು, ಹಾಸು ನಂದ ಅಲ್ಲೇನು?"

"ಹೌದೌದು, ನೀ ಶಾಣ್ಯಾ" ಅಂದೆ ನಾನು. ಎಂಜಿನ್ನಿನ ಸಪ್ಪಳದಲ್ಲಿ ಅರ್ಧ ಮಾತು ಕೇಳಿಸಿರಲಿಲ್ಲ.

ಮರುದಿನ ಮಧ್ಯಾಹ್ನ ಸಾಹಿಲ ಮಲಗಿದ್ದ. ಮುಬಶೀರಾ ಹುನಗುಂದಕ್ಕೆ ಕಾಲೇಜಿಗೆ ಹೋಗಿದ್ದಳು. ಮಗ ಏಳುವಷ್ಟರಲ್ಲಿ ಎಲ್ಲ ಸಜ್ಜು ಮಾಡಿ ಅವನನ್ನು ಖುಷಿಪಡಿಸಬೇಕು ಎಂದು ನಬಿಸಾಬ ಒಬ್ಬನೇ ಹಳೇ ಡಿಸ್ಕನ್ನು ಹೊಸ ಡಬ್ಬಿಗೆ ಏರಿಸಿ ಟೀವಿಗೆ ಹಚ್ಚಿದ. ಪರದೆಯ ಮೇಲೆ ಇಂಗ್ಲಿಷಿನಲ್ಲಿ ಏನೋ ಬಂತು. ಅವನಿಗೆ ಇಂಗ್ಲಿಷು ಬರುವುದಿಲ್ಲ. ಆದರೆ ಹೂಂ ಅನ್ನುವ ಗುಂಡಿ ಯಾವುದು, ಊಹೂಂ ಅನ್ನುವ ಗುಂಡಿ ಯಾವುದು ಎಂದು ಮಗನ ಪಕ್ಕ ಕೂತು ನೋಡಿ ತಿಳಿದಿದ್ದ. ಹೂಂ ಒತ್ತಿದ. ಮತ್ತೆ ಏನೋ ಕೇಳಿತು. ಮತ್ತೆ ಹೂಂ ಒತ್ತಿದ. ನಾನು ಚಹಾದ ಹೊತ್ತಿಗೆ ಹೋದಾಗ ಪರದೆಯ ಮೇಲೆ ಗೆರೆ ತುಂಬಿ ಮುಗಿಯುತ್ತಿತ್ತು.

"ಏನಂತ ಕೇಳ್ತಲೇ ಅದು?" ಅಂದೆ.

"ಏನರ ಕೇಳಲಿ ಬಿಡು. ಹೊಸಾ ಮಗ್ಗ, ಹಾಸು ಒಪ್ಪಿಗಿ ಐತೇನು ಅಂತ ಕೇಳ್ತಿರಬೇಕು. ನಿಕಾದಾಗ ಮೂರ ಸಲ ಕೇಳ್ತಾರ, ಇದು ಎರಡ ಸಲ ಕೇಳೇತಿ" ಎಂದು ನಕ್ಕ. ಅವನು ಅಷ್ಟು ಬಾಯಿ ತುಂಬ ನಕ್ಕಿದ್ದನ್ನು ನಾನು ನೋಡಿ ಬಹಳ ಕಾಲವಾಗಿತ್ತು.

ನಮ್ಮ ಮಾತಿಗೆ ಸಾಹಿಲನಿಗೆ ಎಚ್ಚರವಾಯಿತು. ನಬಿಸಾಬ ಅವನ ಬೆನ್ನಿಗೆ ದಿಂಬು ಕೊಟ್ಟು ಕೂರಿಸಿದ. ಸಾಹಿಲ ಟೀವಿ ನೋಡಿದ. ಯಾವ ಭಾಷೆ ಬೇಕು, ಇವತ್ತಿನ ತಾರೀಖು ಯಾವುದು ಎಂದು ಅದು ಹೊಸದಾಗಿ ಹುಟ್ಟಿದ ಹಾಗೆ ಕೇಳುತ್ತಿತ್ತು. ಸಾಹಿಲ ತಂದೆಯ ಮುಖ ನೋಡಿದ. ಮತ್ತೆ ಟೀವಿ ನೋಡಿದ.

"ಬಂತಿಲ್ಲ? ನಿನ್ನ ಮಂದಿ ಎಲ್ಲಾ ಅದಾರಿಲ್ಲ?" ನಬಿಸಾಬ ಕೇಳಿದ.

"ಸೀಡಿ ಹಾಕ್ರಿ ಅಬ್ಬಾ" ಅಂದ ಹುಡುಗ. ಸೀಡಿ ಹಾಕಿದರು. ಅದು ಮತ್ತೆ ಮೊದಲಿನಿಂದ ಇನ್‌ಸ್ಟಾಲು ಆಗತೊಡಗಿತು. ನಬಿಸಾಬ ಕಾಟಿನ ಅಂಚಿನಲ್ಲಿ ಕೂತು ಆ ಗೆರೆಯನ್ನೇ ನೋಡುತ್ತಿದ್ದ. ಈ ಸಲ ಅದಕ್ಕೆ ಜಾಗ ಕಡಿಮೆ ಬೀಳಲಿಲ್ಲ, ಡಿಸ್ಕು ಪೂರಾ ಖಾಲಿ ಇತ್ತು. ಗೆರೆ ತುಂಬಿತು. ಸಾಹಿಲ ಒಂದೆರಡು ಗುಂಡಿ ಒತ್ತಿ, ತಂಡಗಳ ಪಟ್ಟಿಯನ್ನು ಕೆಳಗಿನವರೆಗೆ ಇಳಿಸಿ ನೋಡಿದ. ಆಮೇಲೆ ಹೇಳಿದ.

"ಅದಾರ ಅಬ್ಬಾ. ಎಲ್ಲಾರೂ ಅದಾರ."

"ನಾ ಹೇಳಿಲ್ಲಾ!" ಎಂದು ನಬಿಸಾಬ ನನ್ನ ಬೆನ್ನಿಗೊಂದು ಗುದ್ದಿ, ಎದ್ದು ಹೋಗಿ ಮಗ್ಗದ ಕುಣಿಗೆ ಇಳಿದ. ಮಗ್ಗದಲ್ಲಿ ಕೂತರೆ ಅವನ ಬೆನ್ನು ಟೀವಿಗೆ. ಲಾಳಿ ಹಿಂದೆ ಮುಂದೆ ಓಡತೊಡಗಿತು. ಜೋಹರಾ ಗೋಡೆಗೊರಗಿ ಲಾಳಿಗೆ ಹಾಕುವ ನೂಲಿನ ಕಂಡಿಕೆ ಸುತ್ತುತ್ತ, ಅಲ್ಲಾ ದೊಡ್ಡವ ಎಂದಳು.

ಆಟ ಶುರುವಾಯಿತು. ನನಗೂ ಇಂಗ್ಲಿಷು ಅಷ್ಟಕ್ಕಷ್ಟೇ. ಆದರೆ ಕಣ್ಣು ಇವೆಯಲ್ಲ. ಬ್ಯಾಟು ಹಿಡಿದು ಬಂದವನು ನೆಟ್ಟಗಿನ ಬೆನ್ನಿನ, ಕೆಂಚು ಕೂದಲಿನ ಯಾವನೋ ಬಿಳಿಯ. ಸಾಹಿಲ ಮಾತ್ರ ಎಂದಿನಂತೆ ಗಟ್ಟಿಯಾಗಿ ಹೇಳುತ್ತಿದ್ದ.

"ಅಬ್ಬಾ ಬಂದ್ರು ನೋಡ್ರಿ ಬ್ಯಾಟ್ ಹಿಡಕೊಂಡು. ಮೊದಲನೇ ಬಾಲು... ನಾಕು!"

"ಹೊಡೀ ಮಗನ!" ಎಂದು ನಬಿಸಾಬ ಮಗ್ಗದಿಂದಲೇ ಕೂಗಿದ.

ನಬಿಸಾಬನ ಕಾಲರು ಹಿಡಿದು, ಏನು ಮಾಡಿದೆಯೋ ಮೂರ್ಖಾ ಎಂದು ಕೇಳಬೇಕೆನಿಸಿತು. ಎದ್ದೇ ಬಿಟ್ಟಿದ್ದೆ. ಸಾಹಿಲ ನನ್ನ ಕಡೆ ನೋಡಿ ತಲೆ ಅಲ್ಲಾಡಿಸಿದ. ಅವನಿಗೆ ಗಟ್ಟಿಯಾಗಿ ಅಲ್ಲಾಡಿಸಲಿಕ್ಕೂ ಬರುವುದಿಲ್ಲ. ನಾನು ಕೂತೆ.

ನಬಿಸಾಬ ನಮಾಜಿಗೆ ಹೋದಾಗ ಹುಡುಗ ಬಾಯಿ ಬಿಟ್ಟ.

"ಕಾಕಾ, ಅಬ್ಬಾಗ ಹೇಳಬ್ಯಾಡ್ರಿ. ತಾವ ಅಳಿಸ್ಯಾರ ಅಂತ ಗೊತ್ತಾದ್ರ ಅವರು ಉಣ್ಣಾಂಗಿಲ್ಲ. ಮೊದಲ ನನ್ನ ರೋಗ ತಮ್ಮಿಂದನ ಬಂತು ಅಂತ ಒಳಗ ಕೊರಗ್ತಾರ."

"ಮತ್ತ ನಿನ್ನ ಮಂದಿ?"

"ಹೋದ್ರಲ್ರಿ" ಅಂದ. ಅಷ್ಟೇ ಅಂದ. ಕಣ್ಣಿಂದ ನೀರು ಇಳಿಯಿತು, ಒರೆಸಿಕೊಳ್ಳಲು ಕೈ ಮೇಲೆ ಬರಲಿಲ್ಲ. ನನ್ನ ಟವೆಲಿನಿಂದ ನಾನೇ ಒರೆಸಿ, ಹೇಳುವುದಿಲ್ಲ ಎಂದು ಮಾತು ಕೊಟ್ಟೆ. ನಾನು ಸಿಟ್ಟಿನ ಮನುಷ್ಯ, ಆದರೆ ಆ ಸಿಟ್ಟನ್ನು ಯಾರ ಮೇಲೆ ಹಾಕಬೇಕು ಎಂಬುದೇ ಅವತ್ತು ಗೊತ್ತಾಗಲಿಲ್ಲ. ಮುಬಶೀರಾಳಿಗೆ ಅವನು ಅವತ್ತೇ ಹೇಳಿದ. ಅಳಿದದ್ದನ್ನು ತಿರುಗಿ ತರುವ ದಾರಿಯನ್ನು ಅವಳು ಫೋನಿನಲ್ಲಿ ಅಲ್ಲಿ ಇಲ್ಲಿ ಹುಡುಕಿ, ಯಾರು ಯಾರನ್ನೋ ಕೇಳಿ, ಕಡೆಗೆ ಫೋನನ್ನು ಹಾಸಿಗೆಯ ಮೇಲೆ ಒಗೆದು ಅಡಿಗೆ ಮನೆಗೆ ಹೋದಳು.

ಅಂದಿನಿಂದ ದಿನಾ ಸಂಜೆ, ನಬಿಸಾಬ ಮಗ್ಗಕ್ಕೆ ಇಳಿದ ಮೇಲೆ, ಈ ನಾಟಕ. ಯಾವ್ಯಾವುದೋ ದೇಶದವರು ಪರದೆಯ ಮೇಲೆ ಓಡಾಡುತ್ತಿದ್ದರು, ಸಾಹಿಲ ಅವರಿಗೆ ನಮ್ಮ ಹೆಸರು ಹಚ್ಚಿ ಕೂಗುತ್ತಿದ್ದ. ಅಬ್ದುಲಸಾಬ ಕ್ಯಾಚು ಬಿಟ್ಟರು, ಬೀರಲಿಂಗ ಕಾಕಾ ಸಿಕ್ಸರು ಹೊಡೆದರು. ಜೋಹರಾಳಿಗೂ, ನೋಡಲು ಬಂದ ಓಣಿಯವರಿಗೂ ಕಣ್ಣಲ್ಲೇ ತಿಳಿಸಬೇಕು. ಗಿರಣಿಯ ಅಬ್ದುಲಸಾಬ ಒಂದು ಸಲ ಪರದೆ ನೋಡಿ, ನನ್ನ ಮುಖ ನೋಡಿ, "ವಾಹ್, ನನ್ನ ಮೀಸಿ ಭಾಳ ಚಂದ ಬಂದೈತಿ" ಎಂದು ಹೇಳಿ ಹೊರಗೆ ಹೋದವನು ಮತ್ತೆ ಆ ಮನೆಗೆ ಬರಲಿಲ್ಲ. ಸಾಹಿಲನ ಬಲಗೈಯೂ ದಿನದಿನಕ್ಕೆ ಇಳಿಯುತ್ತಿತ್ತು. ಬೆರಳನ್ನು ಗುಂಡಿಯ ಮೇಲೆ ಮತ್ತೊಬ್ಬರು ಇಡಬೇಕು. ಆಟ ಮುಗಿಯುವ ಹೊತ್ತಿಗೆ ಹುಡುಗ ಬೆವತು ತೊಪ್ಪೆಯಾಗಿರುತ್ತಿದ್ದ.

"ಸಾಕು ಮಾಡೋ, ಕೈ ನೋಯ್ತದ" ಅಂದೆ ಒಂದು ದಿನ.

"ನೋಯ್ತಾವ್ರಿ. ಖರೆ ಹೇಳ್ಬೇಕಂದ್ರ ಕಾಕಾ, ಆಡೂ ಮನಸ ಇಲ್ಲ. ಟೀವ್ಯಾಗಿನ ಆ ಮುಖಾ ನೋಡಿದ್ರ ವಾಂತಿ ಬಂದಂಗ ಆಗತೈತಿ. ಆದ್ರ ಬಿಟ್ರ ಅಬ್ಬಾ ಯಾಕ ಬಿಟ್ಟಿ ಅಂತ ಕೇಳ್ತಾರ. ಕೇಳಿದ್ರ ಗೊತ್ತಾಗ್ತೈತಿ."

ಅದಾದ ಮೇಲೆ ಒಂದು ದಿನ ಸೀರೆ ಮುಟ್ಟಿಸಲು ನಾನೂ ನಬಿಸಾಬನೂ ಬಾಗಲಕೋಟೆಗೆ ಹೋದೆವು. ನಾನು ಗಂಟು ಇಳಿಸುತ್ತಿದ್ದೆ. ರಿಪೇರಿಯವನಿಗೆ ಶುಕ್ರಿಯಾ ಹೇಳಿ ಬರುತ್ತೇನೆ ಎಂದು ಇವನು ಹೋದ. ಬೇಡ ಅನ್ನಲು ನನಗೆ ಯಾವ ನೆವವೂ ಹೊಳೆಯಲಿಲ್ಲ. ತಿರುಗಿ ಬಂದು ಗಾಡಿಯಲ್ಲಿ ಕೂತ. ಅಮೀನಗಡ ಬಂತು. ಸಾಹಿಲನಿಗೆ ಕರದಂಟು ತರುತ್ತೇನೆ ಎಂದು ಇಳಿದ, ತಂದ, ಕೂತ. ನಾನು ಗಾಡಿ ಚಾಲು ಮಾಡುವಾಗ ಕೈ ಅಡ್ಡ ಇಟ್ಟ.

"ಬೀರ್ಯಾ, ಒಂದ ಮಷೀನಿನ ಡಿಸ್ಕು ಇನ್ನೊಂದರಾಗ ನಡಿಯೂದಿಲ್ಲಂತ. ಅದು ಹಾಸಲ್ಲಂತ. ಹೂಂ ಅಂದ್ರ ಇದ್ದಬಿದ್ದದ್ದೆಲ್ಲಾ ಅಳಿಸಿ ಹೋಗ್ತೈತಂತ. ನಾ ಎರಡ ಸಲ ಹೂಂ ಅಂದೆ."

ನಾನು ಕೀಲಿಯಿಂದ ಕೈ ತೆಗೆದೆ.

"ನಿನಗ ಗೊತ್ತಿತ್ತು" ಅಂದ.

"ಗೊತ್ತಿತ್ತು."

"ಅವಗೂ ಗೊತ್ತೈತಿ. ಗೊತ್ತಿದ್ದೂ ನನಗ ದಿನಾ ಹೆಸರು ಹೇಳಿ ಕೇಳಸ್ತಾನ." ಅವನು ಕರದಂಟಿನ ಪೊಟ್ಟಣವನ್ನು ಎರಡೂ ಕೈಯಲ್ಲಿ ಒತ್ತಿ ಹಿಡಿದಿದ್ದ. ಬಿಕ್ಕಿ ಬಿಕ್ಕಿ ಅತ್ತ. ಬಸ್ಸಿಗೆ ನಿಂತ ಜನ ನೋಡಿದರು. ನೋಡಲಿ ಅಂತ ಬಿಟ್ಟೆ. ಆಮೇಲೆ ಮುಖ ಒರೆಸಿಕೊಂಡು ನನ್ನ ಮೊಣಕೈ ಹಿಡಿದ.

"ನನಗ ಗೊತ್ತಾಗೇತಿ ಅಂತ ಅವಗ ಹೇಳಬ್ಯಾಡ, ನಿನ್ನ ಮನಿದೇವರು ಬೀರಪ್ಪನ ಆಣಿ. ಹೇಳಿದ್ರ ಆಡೂದ ಬಿಟ್ಟಬಿಡ್ತಾನ. ಅವಗ ಉಳದಿದ್ದು ಅದೊಂದ ಐತಿ. ಆಡಲಿ, ಖುಷಿಯಿಂದ ಆಡಲಿ."

ಖುಷಿಯಿಂದಂತೆ! ನನ್ನ ನಾಲಿಗೆಯ ತುದಿಯವರೆಗೆ ಬಂತು. ಮಗ ನಿನ್ನ ಸಲುವಾಗಿ ಆಡುತ್ತಾನೆ, ನೀನು ಮಗನ ಸಲುವಾಗಿ ಕೇಳುತ್ತೀ, ಇಬ್ಬರಿಗೂ ಬೇಡವಾದ ಆಟ ಇದು ಎಂದು ಹೇಳಿಬಿಟ್ಟರೆ ಮುಗಿಯುತ್ತಿತ್ತು. ಆದರೆ ಹುಡುಗನಿಗೆ ಮಾತು ಕೊಟ್ಟಿದ್ದೆ, ಈಗ ಇವನು ಆಣೆ ಹಾಕಿದ್ದ. ಅಡಕತ್ತರಿಯ ನಡುವಿನ ಅಡಿಕೆಯ ಹಾಗಾಯಿತು ನನ್ನ ಗತಿ. ಗಾಡಿ ಚಾಲು ಮಾಡಿದೆ.

ಈಗ ಸಾಹಿಲನಿಗೆ ಉಸಿರಾಡಲು ಮೂಗಿಗೆ ನಳಿಕೆ ಹಚ್ಚಿದ್ದಾರೆ. ಚಳಿಗಾಲ ದಾಟುವುದು ಕಷ್ಟ ಎಂದು ದವಾಖಾನೆಯವರು ಮುಬಶೀರಾಳನ್ನು ಪಕ್ಕಕ್ಕೆ ಕರೆದು ಹೇಳಿದ್ದಾರೆ. ನಿನ್ನೆ ಸಂಜೆ ನಾನು ಹೋದಾಗ ಅವನ ಬೆರಳನ್ನು ಗುಂಡಿಯ ಮೇಲೆ ಇಟ್ಟೆ. ಬೆರಳು ಅಲ್ಲೇ ಬಿದ್ದುಕೊಂಡಿತು, ಒತ್ತಲಿಲ್ಲ.

"ಕಾಕಾ, ಇವತ್ತ ಕೈ ಒಲ್ಲೆ ಅಂತಾವ" ಎಂದು ಪಿಸುಗುಟ್ಟಿದ. "ನೀವ ಆಡ್ರಿ. ಹೆಸರು ನಾ ಹೇಳ್ತೇನಿ."

ಕ್ರಿಕೆಟ್ಟು ಕಂಡರೆ ಆಗದ ನಾನು ಆ ರಿಮೋಟು ಹಿಡಿದೆ. ಯಾವ ಗುಂಡಿಗೆ ಏನು ಎಂದು ಗೊತ್ತಿಲ್ಲ. ಬಂದ ಬಂದವರು ಔಟಾಗಿ ಹೋಗತೊಡಗಿದರು. ಸಾಹಿಲ ಉಸಿರು ಎಳೆದುಕೊಂಡು ಒಬ್ಬೊಬ್ಬರ ಹೆಸರು ಹೇಳಿದ. ಕಡೆಯವನ ಹೆಸರು ಹೇಳಲಿಲ್ಲ. ಅವನೂ ಔಟಾದ.

ಮಗ್ಗ ನಿಂತಿತು. "ಯಾರು ಔಟಾದ್ರೋ?" ಎಂದು ನಬಿಸಾಬ ಆ ಕಡೆ ಮುಖ ಮಾಡಿಕೊಂಡೇ ಕೇಳಿದ.

"ನಾನ ಅಬ್ಬಾ."

"ಇರಲಿ ತಗೋ. ಮುಂದ ಯಾರು?"

"ಮುಂದ ಯಾರೂ ಇಲ್ರಿ. ಎಲ್ಲಾರೂ ಮುಗದ್ರು."

ನಬಿಸಾಬ ತಿರುಗಿ ನೋಡಲಿಲ್ಲ. ಲಾಳಿಯನ್ನು ಕೈಯಲ್ಲಿ ಹಿಡಿದುಕೊಂಡೇ ಹುರುಪಿನ ದನಿ ಮಾಡಿಕೊಂಡು ಹೇಳಿದ.

"ಮುಗದ್ರ ಏನಾತು? ಮತ್ತ ಮೊದಲಿಂದ ಹಚ್ಚು. ಮೊದಲ ನಾನ ಬರ್ತೇನಿ."

ಸಾಹಿಲ ನನ್ನ ಕಡೆ ನೋಡಿದ. ಕಣ್ಣಿನಿಂದಲೇ ಹೂಂ ಅಂದ. ನಾನು ಗುಂಡಿ ಒತ್ತಿದೆ.